ಎರಡು ಸಲ ಹೇಳುವ ಸುಶೀಲಕ್ಕ

ಸುಶೀಲಕ್ಕ ಪ್ರತಿಯೊಂದು ಮಾತನ್ನೂ ಎರಡು ಸಲ ಹೇಳುತ್ತಿದ್ದಳು. ಮೊದಲು ಹಿಂದಿಯಲ್ಲಿ, ಆಮೇಲೆ ಕನ್ನಡದಲ್ಲಿ. ಆಕೆ ಹುಟ್ಟಿ ಬೆಳೆದದ್ದು ಹೈದರಾಬಾದಿನ ಒಂದು ಓಣಿಯಲ್ಲಿ, ಅಪ್ಪನ ಕಿರಾಣಿ ಅಂಗಡಿಯ ಹಿಂದಿನ ಮನೆಯಲ್ಲಿ. ಮದುವೆಯಾಗಿ ಸಿಂಧನೂರಿಗೆ ಬಂದು ಹತ್ತು ವರ್ಷವಾದರೂ ಮಾತು ಮೊದಲು ಆ ಕಡೆಯಿಂದಲೇ ಹೊರಡುತ್ತಿತ್ತು. ಹಿಂದಿ ಒಂದು ಗುಟುಕಿನಷ್ಟು, ತನಗೆ ತಾನೇ ಅಂದುಕೊಂಡ ಹಾಗೆ. ಕನ್ನಡ ಮಾತ್ರ ಓಣಿ ತುಂಬ. ಕಾಯಿಪಲ್ಯ ಮಾರುವ ಗಂಗವ್ವ ಬುಟ್ಟಿ ಇಳಿಸಿದರೆ, "ಸಬ್ ಸಡೇ ಹುಯೇ" ಅಂತ ಬಾಯೊಳಗೇ ಅಂದು, ತಕ್ಷಣ ಮುಖ ಅರಳಿಸಿ, "ಏನ್ ಚೊಲೋ ಬದನಿಕಾಯಿ ತಂದೀ ಬೇ ಗಂಗವ್ವ. ಆದ್ರ ಏನ್ ಮಾಡ್ಲಿ, ನಮ್ಮನ್ಯಾಗ ನಿನ್ನೀವ ಇನ್ನಾ ಅದಾವು" ಎನ್ನುತ್ತಿದ್ದಳು. ಗಂಗವ್ವ ಖುಷಿಯಿಂದ ಬುಟ್ಟಿ ಎತ್ತಿಕೊಂಡು ಮುಂದಿನ ಮನೆಗೆ ಬರುತ್ತಿದ್ದಳು. ಮುಂದಿನ ಮನೆ ನಮ್ಮದು. ಆ ಬದನೆಕಾಯಿ ನಾನು ಕೊಳ್ಳುತ್ತಿದ್ದೆ. ಎಲ್ಲ ಕೊಳೆತಿವೆ ಎಂದು ಆ ಮಾತಿನ ಅರ್ಥ ಅಂತ ನನಗೆ ತಿಳಿದದ್ದು ಬಹಳ ವರ್ಷಗಳ ಮೇಲೆ.

ನಾನು ಶರಣಮ್ಮ, ತುರ್ವಿಹಾಳದ ಹೆಣ್ಣುಮಗಳು. ನಮ್ಮೂರಲ್ಲಿ ಹಿಂದಿ, ಉರ್ದು ಅಂದರೆ ಗಂಡಸರ ಸಂತೆಯ ಭಾಷೆ. ಗದ್ದೆಗಿಳಿದು ಸಸಿ ಹಚ್ಚುವ ಹೆಂಗಸರಿಗೆ ಅದರ ಗೊಡವೆ ಇರಲಿಲ್ಲ. ಮದುವೆಯಾಗಿ ಬಂದದ್ದು ಸಿಂಧನೂರಿನ ಅಕ್ಕಿ ಮಿಲ್ಲಿನ ಫಿಟ್ಟರನ ಮನೆಗೆ. ನಮ್ಮ ಮನೆಗೂ ಸುಶೀಲಕ್ಕನ ಮನೆಗೂ ನಡುವೆ ಒಂದೇ ಗೋಡೆ. ಆಕೆ ಒಗ್ಗರಣೆ ಹಾಕಿದರೆ ಸೀನು ನನಗೆ ಬರುತ್ತಿತ್ತು. ಆಕೆ ನಕ್ಕರೆ ನಾನು ರೊಟ್ಟಿ ಬಡಿಯುವುದನ್ನು ನಿಲ್ಲಿಸಿ, ಯಾತಕ್ಕೆ ನಕ್ಕಳು ಅಂತ ಗೋಡೆಗೆ ಕಿವಿ ಕೊಡುತ್ತಿದ್ದೆ. ಕಾರಣ ತಿಳಿಯುತ್ತಿರಲಿಲ್ಲ, ಹಂಚಿನ ಮೇಲಿನ ರೊಟ್ಟಿ ಮಾತ್ರ ಹೊತ್ತುತ್ತಿತ್ತು. ಶರಣಮ್ಮನ ಮನೆಯ ರೊಟ್ಟಿ ಕರಕು ಅಂತ ಇಡೀ ಓಣಿಗೆ ಗೊತ್ತಿತ್ತು.

ಸುಳ್ಳು ಯಾಕೆ ಹೇಳಲಿ, ಸುಶೀಲಕ್ಕನನ್ನು ಕಂಡರೆ ನನಗೆ ಹೊಟ್ಟೆಕಿಚ್ಚು. ಆಕೆ ಕೆಟ್ಟವಳಾಗಿದ್ದರೆ ಸುಲಭವಿತ್ತು, ಬೈದು ಹಗುರಾಗಬಹುದಿತ್ತು. ಆಕೆ ಕೆಟ್ಟವಳಲ್ಲ. ಉಟ್ಟ ಸೀರೆಯ ನೆರಿಗೆ ಸಂಜೆಯಾದರೂ ಮುರಿಯುತ್ತಿರಲಿಲ್ಲ, ಅದಕ್ಕೆ ಹೊಟ್ಟೆಕಿಚ್ಚು. ಗಂಡನನ್ನು "ಬಸವರಾಜ್" ಅಂತ ಹೆಸರು ಹಿಡಿದು ಕರೆಯುತ್ತಿದ್ದಳು, ಅದಕ್ಕೂ ಹೊಟ್ಟೆಕಿಚ್ಚು. ಗಂಡನ ಹೆಸರು ಹೇಳಿದರೆ ಅವನ ಆಯುಷ್ಯ ಕಡಿಮೆಯಾಗುತ್ತದೆ ಎಂದು ನಮ್ಮವ್ವ ನನಗೆ ಹೇಳಿಕೊಟ್ಟಿದ್ದಳು. ಪಂಪ್‌ಸೆಟ್ ಅಂಗಡಿಯ ಬಸವರಾಜಣ್ಣ ಮಾತ್ರ ದಿನಕ್ಕೆ ಐವತ್ತು ಸಲ ಹೆಸರು ಹೇಳಿಸಿಕೊಂಡು ಗುಂಡುಕಲ್ಲಿನ ಹಾಗೆ ಇದ್ದ.

ನಮ್ಮ ಮನೆಯವರು ಮಿಲ್ಲಿನ ಮಷೀನುಗಳ ಜೊತೆ ಮಾತಾಡುವಷ್ಟು ನನ್ನ ಜೊತೆ ಮಾತಾಡಿದವರಲ್ಲ. ಬಚ್ಚಲಮನೆಯ ಬಾಗಿಲಿನ ಚಿಲಕ ಮುರಿದು ಆರು ತಿಂಗಳಾಗಿತ್ತು. ನಾನು ಬಾಗಿಲಿಗೆ ಕೊಡ ಆನಿಸಿಟ್ಟು ಸ್ನಾನ ಮಾಡುತ್ತಿದ್ದೆ. ಕೇಳಿದಾಗಲೆಲ್ಲ "ನಾಳಿ ಹಾಕ್ತೀನಿ ತಗೋ" ಅನ್ನುವುದು. ಊರಿನ ಮಷೀನೆಲ್ಲ ರಿಪೇರಿ ಮಾಡುವವನ ಮನೆಯಲ್ಲಿ ಚಿಲಕವಿಲ್ಲ. ಇರಲಿ, ಅದನ್ನೂ ಸಹಿಸಿಕೊಂಡಿದ್ದೆ. ಸಹಿಸಲಾರದ್ದು ಶುರುವಾದದ್ದು ಸುಶೀಲಕ್ಕನ ಮನೆಗೆ ಟಿವಿ ಬಂದ ಮೇಲೆ.

ನಮ್ಮ ಓಣಿಗೆ ಅದೇ ಮೊದಲ ಟಿವಿ. ಎರಡು ಬಾಗಿಲಿನ ಮರದ ಪೆಟ್ಟಿಗೆ, ಕಪ್ಪು-ಬಿಳಿ ಚಿತ್ರ. ಅಂಟೆನಾ ಇಟ್ಟದ್ದು ಮಾಳಿಗೆಯ ಮೇಲೆ, ಎರಡಾಳೆತ್ತರದ ಕಬ್ಬಿಣದ ಪೈಪಿಗೆ ಕಟ್ಟಿ. ಅದರ ಮುಖ ರಾಯಚೂರಿನ ಕಡೆಗೆ ಇರಬೇಕು, ಕೂದಲೆಳೆಯಷ್ಟು ಆಚೀಚೆ ಆದರೂ ಪರದೆಯ ತುಂಬ ಬರೀ ನುಚ್ಚು. ಬಸವರಾಜಣ್ಣನಿಗೆ ಮೊಣಕಾಲು ನೋವು, ಮೇಲಾಗಿ ಎತ್ತರ ಕಂಡರೆ ತಲೆ ತಿರುಗುತ್ತಿತ್ತು. ಹಾಗಾಗಿ ಗೋಡೆಯಾಚೆಯಿಂದ ಕೂಗು ಬರುತ್ತಿತ್ತು:

"ಅಣ್ಣಾರ, ಸ್ವಲ್ಪ ಬರ್ತೀರೇನ್ರಿ? ಮತ್ತ ಹೋತು ನೋಡ್ರಿ."

ಆರು ತಿಂಗಳು ಚಿಲಕಕ್ಕೆ ಏಳದವರು ಅರ್ಧ ಚಹಾ ಬಿಟ್ಟು ಏಳುತ್ತಿದ್ದರು. ಪಕ್ಕಡ, ಪಾನಾ ಹಿಡಿದು ನಿಚ್ಚಣಿಕೆ ಹತ್ತಿ ಹೋಗುತ್ತಿದ್ದರು. ಆಮೇಲೆ ಅರ್ಧ ತಾಸು ಅದೇ ಮಾತುಕತೆ. "ಬಂತೇನ್ರಿ ಅಕ್ಕಾರ?" "ಬಂತು, ಬಂತು... ಹೋತು." "ಈಗ?" "ಈಗ ಮಂದಿ ಬಂದ್ರು, ತಲಿ ಬಂದಿಲ್ಲ." ಅವರಿಬ್ಬರೂ ನಗುತ್ತಿದ್ದರು. ಆಕೆ ಅವರನ್ನು ಅಣ್ಣಾರ ಅನ್ನುತ್ತಿದ್ದಳು, ಅವರು ಆಕೆಯನ್ನು ಅಕ್ಕಾರ ಅನ್ನುತ್ತಿದ್ದರು. ಅನ್ನಲಿ. ಅಣ್ಣ ಎಂದ ಮಾತ್ರಕ್ಕೆ ನನ್ನ ಹೊಟ್ಟೆ ತಣ್ಣಗಾಗುತ್ತದೆಯೆ?

ಟಿವಿ ನೋಡಲು ಬಾ ಎಂದು ಆಕೆ ಕರೆದಾಗಲೆಲ್ಲ ನನಗೊಂದು ನೆಪ ಬೇಕಾಗುತ್ತಿತ್ತು. ಒಂದು ದಿನ ಬಾಯಿಗೆ ಬಂದದ್ದು ಹೇಳಿಬಿಟ್ಟೆ: "ಇಲ್ಲಕ್ಕ, ಹೊಟ್ಟಿ ಭಾಳ ಉರಿಯಾಕತ್ತೈತಿ."

ಹೇಳಿದ ಮೇಲೆ ನಾಲಿಗೆ ಕಚ್ಚಿಕೊಂಡೆ. ನಮ್ಮ ಕಡೆ ಹೊಟ್ಟೆ ಉರಿಯುವುದು ಅಂದರೆ ಖಾರದ ಉರಿಯೂ ಹೌದು, ಹೊಟ್ಟೆಕಿಚ್ಚೂ ಹೌದು. ಆಕೆ ನನ್ನ ಮುಖವನ್ನೇ ನೋಡಿದಳು, ಹಿಂದಿಯಲ್ಲಿ ಏನೋ ಅಂದಳು, ಆಮೇಲೆ ಕನ್ನಡದಲ್ಲಿ, "ಖಾರ ಕಡಿಮಿ ತಿನ್ನು ಬೇ ಶರಣಿ" ಅಂತ ಹೇಳಿ ಒಳಗೆ ಹೋದಳು. ಸ್ವಲ್ಪ ಹೊತ್ತಿಗೆ ಹಿತ್ತಲ ಗೋಡೆಯ ಮೇಲೆ ಒಂದು ಹಿತ್ತಾಳೆಯ ತಂಬಿಗೆ ಬಂದು ಕೂತಿತು. ಅದರ ತುಂಬ ಮಜ್ಜಿಗೆ. ಹುರಿದ ಜೀರಿಗೆ, ಇಂಗು, ಕಲ್ಲುಪ್ಪು. ಚೆಲ್ಲಬೇಕೆಂದು ಬಚ್ಚಲಿಗೆ ಒಯ್ದವಳು ಒಂದು ಗುಟುಕು ರುಚಿ ನೋಡಿದೆ. ಅಷ್ಟು ಚಂದದ ಮಜ್ಜಿಗೆ ನನ್ನ ಕೈಯಲ್ಲಿ ಯಾವತ್ತೂ ಆಗಿರಲಿಲ್ಲ. ತಂಬಿಗೆ ಖಾಲಿ ಮಾಡಿದೆ, ಆ ಮಜ್ಜಿಗೆಗೂ ಸೇರಿಸಿ ಹೊಟ್ಟೆಕಿಚ್ಚು ಪಟ್ಟೆ. ಅವತ್ತಿನಿಂದ ವಾರಕ್ಕೆ ಎರಡು ಸಲವಾದರೂ ಆ ತಂಬಿಗೆ ಗೋಡೆ ಹತ್ತುತ್ತಿತ್ತು.

ಆಕೆಯ ಹಿಂದಿಗೆ ಓಣಿಯಲ್ಲಿ ಒಬ್ಬಳೇ ಸಾಕ್ಷಿ, ಬಳೆ ತೊಡಿಸುವ ಖಾಜಾಬಿ. ಸುಶೀಲಕ್ಕನ ನಾದಿನಿ ಮುದಗಲ್ಲಿನಿಂದ ಗಂಟುಮೂಟೆ ಸಮೇತ ಬಂದ ದಿನ ಬಾಗಿಲಲ್ಲಿ ಏನಾಯಿತು ಅಂತ ಖಾಜಾಬಿ ನನಗೆ ಬಳೆ ತೊಡಿಸುತ್ತ ಹೇಳಿದ್ದಳು. "ಹಿಂದ್ಯಾಗ ಅಂದ್ಲು, 'ಫಿರ್ ಆ ಗಯೀ ಬಲಾ' ಅಂತ. ಪೀಡಾ ಮತ್ತ ಬಂತಲ್ಲ ಅಂತ. ಕನ್ನಡದಾಗ ಅಂದ್ಲು, 'ಬಾ ಬೇ ಯವ್ವಾ, ಎಷ್ಟ ದಿನಾ ಆತು ನಿನ್ನ ಮಾರಿ ನೋಡಿ' ಅಂತ. ಆಕಿ ಹೊಟ್ಟ್ಯಾಗಿಂದು ಹಿಂದ್ಯಾಗ ಬರ್ತೈತಿ ಶರಣಮ್ಮ. ಕನ್ನಡ ನಮ್ಮ ಸಲುವಾಗಿ." ಕೇಳಿ ನಾವಿಬ್ಬರೂ ಬಿದ್ದು ಬಿದ್ದು ನಕ್ಕೆವು. ಆಕೆಯ ಮೇಲೆ ನಗಲು ಒಂದು ಕಾರಣ ಸಿಕ್ಕಿತಲ್ಲ ಅಂತ ನನಗೆ ಅವತ್ತು ಊಟ ರುಚಿಸಿತು.

ಹೀಗಿರುವಾಗ ಟಿವಿಯಲ್ಲಿ ಒಂದು ಹೊಸ ಹಿಂದಿ ಧಾರಾವಾಹಿ ಶುರುವಾಗುತ್ತದೆ ಎಂದು ಸುದ್ದಿಯಾಯಿತು. ನಗಿಸುವ ಧಾರಾವಾಹಿ. ಅಕ್ಕಪಕ್ಕದ ಮನೆಯ ಎರಡು ಗಂಡ ಹೆಂಡತಿಯರ ಕಥೆ. ಪ್ರತಿ ಭಾನುವಾರ ಬೆಳಿಗ್ಗೆ. ಸುಶೀಲಕ್ಕ ವಾರವಿಡೀ ಮನೆ ಮನೆಗೆ ಹೋಗಿ ಹೇಳಿದಳು: "ಐತಾರ ಲಗೂನ ಎರಕೊಂಡು ಬರ್ರಿ. ಹಿಂದಿ ಬರಂಗಿಲ್ಲಂತ ಅಂಜಬ್ಯಾಡ್ರಿ, ನಾ ಹೇಳ್ತೀನಿ." ಹೋಗಬಾರದು ಅಂದುಕೊಂಡಿದ್ದೆ. ಆದರೆ ನಮ್ಮವರು ಬೆಳಿಗ್ಗೆಯೇ ಕಾಲುವೆ ಕಡೆಯ ಗಾಳಿ ಎದ್ದಿದೆ, ಅಂಟೆನಾ ನಿಲ್ಲುವುದಿಲ್ಲ ಎಂದು ಗೊಣಗುತ್ತ ಆಕೆಯ ಮಾಳಿಗೆ ಹತ್ತಿದರು. ಹಾಗಿದ್ದ ಮೇಲೆ ನಾನು ಮನೆಯಲ್ಲಿ ಕೂತು ಮಾಡುವುದೇನು? ಹೋದೆ.

ಪಡಸಾಲೆಯ ತುಂಬ ಹೆಂಗಸರು. ಒದ್ದೆ ತಲೆ, ಸೀಗೆಕಾಯಿ ವಾಸನೆ. ಬಸವರಾಜಣ್ಣ ಒಳಕೋಣೆಯಲ್ಲಿ ಮಲಗಿ ಗೊರಕೆ ಹೊಡೆಯುತ್ತಿದ್ದ. ನಾನು ಬಾಗಿಲ ಹತ್ತಿರ ಕಂಬಕ್ಕೆ ಒರಗಿ ಕೂತೆ, ಈಗ ಎದ್ದು ಹೋಗುವವಳ ಹಾಗೆ. ಟಿವಿಯ ಪಕ್ಕದಲ್ಲಿ ಸುಶೀಲಕ್ಕ ನಮ್ಮ ಕಡೆ ಮುಖ ಮಾಡಿ ಕೂತಿದ್ದಳು. ಆಕೆಯ ತಲೆಯ ಮೇಲೆ ಮಾಳಿಗೆಯ ಬೆಳಕಿಂಡಿ. ಅದರಿಂದ ನಮ್ಮವರ ನೆರಳು ಕೆಳಗೆ ಬಿದ್ದಿತ್ತು. ಪೈಪನ್ನು ಎರಡೂ ಕೈಯಲ್ಲಿ ಹಿಡಿದೇ ನಿಲ್ಲಬೇಕು, ಬಿಟ್ಟರೆ ಚಿತ್ರ ಹೋಗುತ್ತದೆ. ಟಿವಿಯ ಮಾತು ಅವರಿಗೆ ಮೇಲೆ ಕೇಳಿಸುವಂತಿರಲಿಲ್ಲ. ಆಕೆಯ ದನಿ ಮಾತ್ರ ಬೆಳಕಿಂಡಿಯಿಂದ ನೇರ ಮೇಲೆ ಹೋಗುತ್ತಿತ್ತು.

ಮೊದಲ ಕಂತು ಶುರುವಾಯಿತು. ಒಂದು ಮನೆ. ಹೆಂಡತಿ ಹಿಟ್ಟು ನಾದಿಟ್ಟು ಕಸಬರಿಗೆ ಹಿಡಿದಿದ್ದಾಳೆ, ಗಂಡ ಪೇಪರು ಓದುತ್ತಿದ್ದಾನೆ.

"ಈಕಿ ಹೇಳಾಕತ್ತಾಳ, ಕಾಲ್ ತಗೀರಿ, ಕಸ ಹೊಡೀಬೇಕು ಅಂತ," ಎಂದಳು ಸುಶೀಲಕ್ಕ. "ಅಂವ ಅಂತಾನ, ನನ್ನ ಕಾಲು ಬಿಟ್ಟು ಸುತ್ತಮುತ್ತ ಹೊಡಿ ಅಂತ. ಅಣ್ಣಾರ, ಕೇಳಸ್ತೈತೇನ್ರಿ?"

"ಕೇಳಸ್ತೈತ್ರಿ ಅಕ್ಕಾರ, ಮುಂದ ಹೇಳ್ರಿ," ಎಂದಿತು ಬೆಳಕಿಂಡಿ.

ಪಕ್ಕದ ಮನೆಗೆ ಹೊಸ ಗಂಡ ಹೆಂಡತಿ ಬಂದರು. ಹೊಸಬಳು ತೆಳ್ಳಗೆ, ನೆರಿಗೆಯ ಸೀರೆ, ಬಾಗಿಲಿಗೆ ಬಂದು ಸಕ್ಕರೆ ಕೇಳಿದಳು. ಪೇಪರಿನವನು ಎದ್ದ. ಎದ್ದವನು ಆಕೆಯ ಟ್ರಂಕು ಹೊತ್ತ, ಪರದೆ ಕಟ್ಟಿದ, ಕೊನೆಗೆ ಸ್ಟೂಲಿನ ಮೇಲೆ ಹತ್ತಿ ಆಕೆಯ ಮನೆಯ ಬಲ್ಬು ಹಾಕಲು ನಿಂತ. ಇತ್ತ ಮೊದಲನೆಯವಳು ಕಿಟಕಿಯಿಂದ ನೋಡುತ್ತ ನಿಂತುಬಿಟ್ಟಳು. ಒಲೆಯ ಮೇಲಿನ ರೊಟ್ಟಿಯಿಂದ ಹೊಗೆ ಎದ್ದಿತು.

ಪಡಸಾಲೆಯಲ್ಲಿ ಯಾರೋ ಕಿಸಕ್ಕೆಂದರು. ಇನ್ಯಾರೋ ತಿರುಗಿ ನನ್ನನ್ನು ನೋಡಿದರು. ಒಬ್ಬಳು ಪಕ್ಕದವಳ ತೊಡೆ ಚಿವುಟಿ ಕಣ್ಣಿನಲ್ಲೇ ಬೆಳಕಿಂಡಿ ತೋರಿಸಿದಳು. ಟಿವಿಯಲ್ಲಿ ಒಬ್ಬ ಸ್ಟೂಲಿನ ಮೇಲೆ, ಇಲ್ಲೊಬ್ಬ ಮಾಳಿಗೆಯ ಮೇಲೆ. ಅಲ್ಲೊಬ್ಬಳ ರೊಟ್ಟಿ ಹೊತ್ತಿದೆ, ಇಲ್ಲೊಬ್ಬಳದು ದಿನವೂ ಹೊತ್ತುತ್ತದೆ. ನನ್ನ ಕಿವಿ ಕಾದವು. ಎದ್ದು ಹೋದರೆ ಇನ್ನೂ ನಗುತ್ತಾರೆ. ನಾಳೆಯಿಂದ ಈ ಓಣಿಯಲ್ಲಿ ನನ್ನ ಹೆಸರು ಏನಾಗುತ್ತದೆ ಅಂತ ನನಗೆ ಅಲ್ಲೇ ಕಂಡಿತು. ಸೆರಗು ಬಿಗಿ ಹಿಡಿದು ಕೂತೆ.

ಕೊನೆಗೆ ಮೊದಲನೆಯವಳು ತಡೆಯಲಾರದೆ ಹಿಟ್ಟಿನ ಕೈಯಲ್ಲೇ ಪಕ್ಕದ ಮನೆಗೆ ನುಗ್ಗಿದಳು. ಮುಖಕ್ಕೆಲ್ಲ ಹಿಟ್ಟು ಬಳಿದುಕೊಂಡಿದೆ, ಆಕೆಗೆ ಗೊತ್ತಿಲ್ಲ. ಗಂಡ ಸ್ಟೂಲಿನ ಮೇಲಿಂದಲೇ ಆಕೆಯ ಕಡೆ ಕೈ ಮಾಡಿ ಏನೋ ಒಂದು ಮಾತು ಅಂದ. ಹೊಸಬಳು ಒಂದೇ ಶಬ್ದ ಅಂದಳು. ಟಿವಿಯ ಒಳಗೆ ನೂರಾರು ಮಂದಿ ನಕ್ಕರು. ಪಡಸಾಲೆಯ ಹೆಂಗಸರೆಲ್ಲ ಅರ್ಥಕ್ಕಾಗಿ ಸುಶೀಲಕ್ಕನ ಕಡೆ ತಿರುಗಿದರು, ನಗು ಆಗಲೇ ಬಾಯಿಗೆ ಬಂದಿತ್ತು. ಸುಶೀಲಕ್ಕ ನನ್ನ ಕಡೆ ಒಮ್ಮೆ ನೋಡಿದಳು. ಸಾಸಿವೆ ಸಿಡಿಯುವಷ್ಟು ಹೊತ್ತು.

ಆಮೇಲೆ ದೊಡ್ಡ ದನಿಯಲ್ಲಿ ಹೇಳಿದಳು: "ಗಂಡ ಅನ್ನಾಕತ್ತಾನ, ನೋಡ್ರಿ ಇವ್ರ, ಈಕಿ ನನ್ನ ಹೆಂಡ್ತಿ. ಹೆಂಡ್ತಿ ಅಂದ್ರ ಮನಿ ದೀಪ. ಉಳದದ್ದೆಲ್ಲಾ ಬರೀ ಬಲ್ಬು, ಇವತ್ತ ಹತ್ತತಾವು, ನಾಳಿ ಸುಟ್ಟು ಹೋಗ್ತಾವು. ಅದಕ್ಕ ಆ ಹೊಸಾಕಿ ಅಂತಾಳ, ಹೌದ್ರಿ, ನಾನ ಹುಚ್ಚಿ, ಒಂದು ಬಲ್ಬ್ ಹಾಕಾಕ ಬರಂಗಿಲ್ಲ, ಮಂದಿ ಗಂಡಂದ್ರನ್ನ ಕರದು ತ್ರಾಸ ಕೊಡ್ತೀನಿ ಅಂತ. ಅದಕ್ಕ ಎಲ್ಲಾರೂ ಆಕಿನ್ನ ನೋಡಿ ನಗಾಕತ್ತಾರ."

ಇಡೀ ಪಡಸಾಲೆ ಗೊಳ್ಳೆಂದಿತು. ಎಲ್ಲರೂ ಟಿವಿಯ ಹೊಸಬಳನ್ನು ನೋಡಿ ನಕ್ಕರು, ಸುಶೀಲಕ್ಕನನ್ನು ನೋಡಿ ನಕ್ಕರು. "ಬಲ್ಬ್ ಸುಟ್ಟಿತವ್ವಾ" ಅಂತ ಒಬ್ಬಳು ಆಕೆಯ ಬೆನ್ನಿಗೆ ಗುದ್ದಿದಳು. ಖಾಜಾಬಿ ಮಾತ್ರ ಬೆಚ್ಚಿದವಳ ಹಾಗೆ ಸುಶೀಲಕ್ಕನ ಮುಖ ನೋಡಿ, ಸೆರಗಿನಿಂದ ಬಾಯಿ ಮುಚ್ಚಿಕೊಂಡಳು. ಮೇಲಿನಿಂದ ನಮ್ಮವರು ನಕ್ಕದ್ದು ಕೇಳಿಸಿತು. ನಗುವಾಗ ಪೈಪು ಅಲುಗಿತೋ ಏನೋ, ಚಿತ್ರ ನುಚ್ಚಾಯಿತು.

ಅವತ್ತು ನಾನು ಬಚಾವಾದೆ ಎಂದು ನನಗೆ ಹೊಳೆಯಲಿಲ್ಲ. ನನಗೆ ಕೇಳಿಸಿದ್ದು ಒಂದೇ, ಮಾಳಿಗೆಯ ಮೇಲಿನ ಆ ನಗು. ಏಳು ವರ್ಷದ ಸಂಸಾರದಲ್ಲಿ ನನ್ನ ಯಾವ ಮಾತಿಗೂ ಅವರು ಹಾಗೆ ಹೊಟ್ಟೆಯಿಂದ ನಕ್ಕದ್ದು ಇರಲಿಲ್ಲ. ಮಧ್ಯಾಹ್ನ ಊಟಕ್ಕೆ ಕೂತು, ಕರಕು ರೊಟ್ಟಿ ಮುರಿಯುತ್ತ, ಅವರು ತಾವಾಗಿಯೇ ಬಾಯಿ ಬಿಟ್ಟರು. "ಹೆಂಡ್ತಿ ಅಂದ್ರ ದೀಪ ಅಂತ. ಖರೇನ ಐತಿ ಬಿಡು." ನನ್ನನ್ನು ಹೊಗಳಬೇಕೆಂದೇ ಅಂದಿದ್ದರು ಪಾಪ. ಆದರೆ ಮಾತು ಆಕೆಯದು. ಆಕೆಯ ಬಾಯಿಂದ ಬಿದ್ದ ಮಾತನ್ನು ಆರಿಸಿ ತಂದು ನನ್ನ ತಟ್ಟೆಗೆ ಬಡಿಸಿದ್ದರು.

"ಚಿಲಕ ಹಾಕ್ರಿ ಮೊದಲ," ಎಂದೆ. ಊಟ ಬಿಟ್ಟು ಎದ್ದೆ.

ಮರುದಿನ ಬೆಳಿಗ್ಗೆ ನಳದ ಕಟ್ಟೆಯಲ್ಲಿ ಕೊಡಗಳ ಸಾಲು ಇತ್ತು. ಯಾರೋ ಸುಶೀಲಕ್ಕನ ಮಾತು ತೆಗೆದರು, ಎಷ್ಟು ಚಂದ ಹೇಳುತ್ತಾಳೆ ಅಂದರು. ನಾನು ಕೊಡ ಕುಕ್ಕಿ ಅಂದೆ: "ಹೇಳ್ದೆ ಏನ್ ಮಾಡ್ತಾಳ? ಮಂದಿ ಗಂಡಸರನ್ನ ಮಾಳಿಗಿ ಹತ್ತಸಾಕಿ."

ಎಲ್ಲರೂ ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಆಮೇಲೆ ನಕ್ಕರು. ನನಗೆ ಬರಬೇಕಾಗಿದ್ದ ಹೆಸರು ಆಕೆಗೆ ಹೋಯಿತು. ವಾರದೊಳಗೆ ಅದು ಓಣಿ ದಾಟಿ ಬಜಾರಿಗೆ ಮುಟ್ಟಿತು. ಮಾಳಿಗಿ ಹತ್ತಸಾಕಿ. ಅಂಗಡಿಯ ಮುಂದೆ ಯಾರೋ ಬಸವರಾಜಣ್ಣನಿಗೇ ಕೇಳಿದರಂತೆ, ನಿಮ್ಮ ಮಾಳಿಗೆ ಗಟ್ಟಿಯಿದೆಯೇನ್ರಿ ಅಂತ.

ಸುಶೀಲಕ್ಕ ಜಗಳಕ್ಕೆ ಬರಲಿಲ್ಲ. ಬಂದಿದ್ದರೆ ನಾನು ತಯಾರಿದ್ದೆ, ನಾಲ್ಕು ದಿನ ಮಾತುಗಳನ್ನು ಮಸೆದಿಟ್ಟುಕೊಂಡಿದ್ದೆ. ಮುಂದಿನ ಭಾನುವಾರ ಗೋಡೆಯಾಚೆಯಿಂದ ಅಣ್ಣಾರ ಅನ್ನುವ ಕೂಗು ಬರಲಿಲ್ಲ. ನಮ್ಮವರು ತಾವಾಗಿಯೇ ಎದ್ದು ಹೋಗಿ, ನೋಡಲೇನ್ರಿ ಅಂತ ಕೇಳಿದರೆ, "ಬ್ಯಾಡ್ರಿ ಅಣ್ಣಾರ, ಚೊಲೋ ಬರಾಕತ್ತೈತಿ" ಅಂದಳಂತೆ. ಬರುತ್ತಿರಲಿಲ್ಲ. ಗೋಡೆಗೆ ಕಿವಿ ಕೊಟ್ಟರೆ ಬರೀ ಸೊರ್ ಅನ್ನುವ ಸದ್ದು. ಹೆಂಗಸರು ಒಬ್ಬೊಬ್ಬರೇ ಹೋಗುವುದು ಬಿಟ್ಟರು. ಟಿವಿಯ ಮೇಲೆ ಕಸೂತಿಯ ವಸ್ತ್ರ ಬಿತ್ತು. ಗೋಡೆಯಾಚೆಯ ನಗು ನಿಂತಿತು. ಬಹಳ ದಿನ ಆಸೆಪಟ್ಟದ್ದು ಸಿಕ್ಕ ಹಾಗಾಯಿತು, ಆದರೂ ನನ್ನ ರೊಟ್ಟಿ ಕರಕಾಗುವುದು ನಿಲ್ಲಲಿಲ್ಲ.

ಮಜ್ಜಿಗೆ ಮಾತ್ರ ಬರುತ್ತಿತ್ತು. ಮೊದಲಿನಷ್ಟಲ್ಲ, ಹದಿನೈದು ದಿನಕ್ಕೊಮ್ಮೆ. ಗೋಡೆಯ ಮೇಲೆ ತಂಬಿಗೆ ಇಟ್ಟು ಆಕೆ ಕೇಳುತ್ತಿದ್ದಳು, "ಹೊಟ್ಟಿ ಉರಿ ಹ್ಯಾಂಗೈತಿ ಶರಣಿ?" ಅಂತ. ನಾನು "ಐತಿ ಅಕ್ಕ" ಎನ್ನುತ್ತಿದ್ದೆ. ಖರೆಯನ್ನೇ ಹೇಳುತ್ತಿದ್ದೆ.

ಎರಡು ವರ್ಷಕ್ಕೆ ಬಸವರಾಜಣ್ಣ ಸಿಂಧನೂರಿನ ಅಂಗಡಿ ಮುಚ್ಚಿ ಮಸ್ಕಿಯಲ್ಲಿ ಹೊಸದು ತೆಗೆದ. ಸಾಮಾನು ಹೇರಿದ ಟ್ರ್ಯಾಕ್ಟರಿನ ಹಿಂದೆ ಆ ಅಂಟೆನಾ ಉದ್ದಕ್ಕೆ ಮಲಗಿತ್ತು. ಸುಶೀಲಕ್ಕ ಮನೆ ಮನೆಗೆ ಹೋಗಿ ಕುಂಕುಮ ಹಚ್ಚಿಸಿಕೊಂಡಳು. ನಾನು ತಲೆನೋವೆಂದು ಒಳಗೇ ಮಲಗಿದ್ದೆ. ಟ್ರ್ಯಾಕ್ಟರಿನ ಸದ್ದು ದೂರಾದ ಮೇಲೆ ಅಡಿಗೆಮನೆಗೆ ಹೋದರೆ, ಆಕೆಯ ಹಿತ್ತಾಳೆ ತಂಬಿಗೆ ನಮ್ಮ ಮಾಡದಲ್ಲೇ ಉಳಿದಿತ್ತು.

ಮುಂದೆ ನಾವೂ ಸಿಂಧನೂರು ಬಿಟ್ಟೆವು. ನಮ್ಮವರಿಗೆ ಲಿಂಗಸೂಗೂರಿನ ಎಣ್ಣೆ ಮಿಲ್ಲಿನಲ್ಲಿ ಕೆಲಸ ಸಿಕ್ಕಿತು. ಅಲ್ಲಿ ನಾನು ಹಟ ಹಿಡಿದು ಟಿವಿ ತರಿಸಿದೆ, ಬಣ್ಣದ್ದು, ಸುಶೀಲಕ್ಕನದಕ್ಕಿಂತ ಒಂದು ಗೇಣು ದೊಡ್ಡದು. ಆಕೆ ನೋಡಲಿಕ್ಕಿಲ್ಲ ಅಂತ ಗೊತ್ತು, ಆದರೂ. ಅಷ್ಟಕ್ಕೇ ಸಮಾಧಾನವಾಗಲಿಲ್ಲ. ಆಕೆಗೆ ಬರುವ ಹಿಂದಿ ನನಗ್ಯಾಕೆ ಬರಬಾರದು? ಮಗಳು ಗೀತಾ ಶಾಲೆಯಲ್ಲಿ ಹಿಂದಿ ಕಲಿಯುತ್ತಿದ್ದಳು. ಅವಳ ಪುಸ್ತಕ ತೆಗೆದುಕೊಂಡು ಒಲೆಯ ಮುಂದೆ ಕೂತೆ. "ಯವ್ವಾ, ನೀ ಯಾವ ಪರೀಕ್ಷಾ ಬರೀತಿ?" ಅಂತ ಅವಳು ನಗುತ್ತಿದ್ದಳು. ಯಾವ ಪರೀಕ್ಷೆ ಎಂದು ಅವಳಿಗೆ ಹೇಳುವ ಹಾಗಿರಲಿಲ್ಲ. ಓದಿದ್ದು ಪುಸ್ತಕದ ಹಿಂದಿ, ಕೇಳಿದ್ದು ಟಿವಿಯ ಹಿಂದಿ. ಎರಡು ಮೂರು ವರ್ಷಕ್ಕೆ ಎಲ್ಲ ಅರ್ಥವಾಗತೊಡಗಿತು. ಮಾತಾಡಲು ನಾಚಿಕೆ, ಹಾಗಾಗಿ ಯಾರಿಗೂ ಗೊತ್ತಿರಲಿಲ್ಲ. ಒಂದು ದಿನ ಸೌತೆಕಾಯಿ ಕೊಯ್ಯುತ್ತಿರುವಾಗ, ಸಡೇ ಹುಯೇ ಅಂದರೆ ಏನೆಂದು ತಟ್ಟನೆ ಹೊಳೆದು, ಈಳಿಗೆಮಣೆಯ ಮುಂದೆ ಕೂತು ಒಬ್ಬಳೇ ನಕ್ಕೆ. ಎಷ್ಟು ಬದನೆಕಾಯಿ ತಿಂದಿದ್ದೆ.

ಆಮೇಲೆ ಒಂದು ಮಧ್ಯಾಹ್ನ ಅದೇ ಹಳೆಯ ಧಾರಾವಾಹಿಯನ್ನು ಮತ್ತೆ ತೋರಿಸತೊಡಗಿದರು. ಮೊದಲ ಕಂತು. ಮನೆಯಲ್ಲಿ ನಾನೊಬ್ಬಳೇ. ಅದೇ ಪೇಪರು, ಅದೇ ಸಕ್ಕರೆ, ಅದೇ ಸ್ಟೂಲು. ಗಂಡ ಬಲ್ಬಿಗೆ ಕೈ ಹಾಕಿದ. ಹೆಂಡತಿ ಹಿಟ್ಟಿನ ಮುಖದಲ್ಲಿ ನುಗ್ಗಿದಳು. ಈಗ ದೀಪದ ಮಾತು ಬರುತ್ತದೆ ಎಂದು ಕಿವಿ ನಿಗುರಿಸಿ ಕೂತೆ.

ದೀಪ ಬರಲಿಲ್ಲ. ಗಂಡ ಹೆಂಡತಿಯ ಕಡೆ ಕೈ ಮಾಡಿ ಅಂದದ್ದು ಇಷ್ಟು: ಇವಳಿಗೆ ಜಲನ್‌ನ ಬೀಮಾರಿ, ಇದಕ್ಕೆ ಯಾವ ಡಾಕ್ಟರ ಹತ್ತಿರವೂ ಔಷಧವಿಲ್ಲ. ಜಲನ್ ಅಂದರೆ ಉರಿ. ಅವರಲ್ಲೂ ಹೊಟ್ಟೆಕಿಚ್ಚಿಗೆ ಅದೇ ಮಾತು. ಹೊಸಬಳು ಅಂದದ್ದು "ಬೇಚಾರೀ" ಅಂತ. ಪಾಪದವಳು. ಅಷ್ಟಕ್ಕೆ ಟಿವಿಯ ಒಳಗಿನ ನೂರಾರು ಮಂದಿ ನಕ್ಕದ್ದು. ಹಿಟ್ಟಿನ ಮುಖದವಳನ್ನು ನೋಡಿ ನಕ್ಕದ್ದು.

ನಾನು ಟಿವಿ ಬಂದ್ ಮಾಡಿ ಕೂತೆ. ಅವತ್ತಿನ ಪಡಸಾಲೆ ಕಣ್ಣ ಮುಂದೆ ಬಂತು. ಇದ್ದದ್ದನ್ನು ಇದ್ದ ಹಾಗೆ ಹೇಳಿದ್ದರೆ ಸಾಕಿತ್ತು, ಸುಶೀಲಕ್ಕನದು ಒಂದು ತಪ್ಪೂ ಇರುತ್ತಿರಲಿಲ್ಲ. ನಾನು ಓಣಿಯ ಜಲನ್ ಬೀಮಾರಿಯವಳಾಗಿ ಉಳಿಯುತ್ತಿದ್ದೆ. ಸಾಸಿವೆ ಸಿಡಿಯುವಷ್ಟು ಹೊತ್ತಿನಲ್ಲಿ ಆಕೆ ಅಲ್ಲಿಲ್ಲದ ದೀಪ ತಂದು ನನ್ನ ಕೈಗೆ ಕೊಟ್ಟು, ನಗುವನ್ನು ತನ್ನ ತಲೆಯ ಮೇಲೆ ಹಾಕಿಕೊಂಡಿದ್ದಳು. ಮರುದಿನವೇ ನಾನು ನಳದ ಕಟ್ಟೆಯಲ್ಲಿ ಆಕೆಯ ಋಣ ತೀರಿಸಿದ್ದೆ. ಅಳು ಬಂತು. ಅಳುವಿನ ಜೊತೆಗೇ, ಹೇಳಲು ನಾಚಿಕೆಯಾಗುತ್ತದೆ, ಹಳೆಯ ಹೊಟ್ಟೆಕಿಚ್ಚೂ ಎದ್ದು ಬಂತು. ಅಂಥ ಮನಸ್ಸು ಆಕೆಗೆ ಯಾಕೆ ಇದೆ, ನನಗೆ ಯಾಕಿಲ್ಲ? ಟಿವಿ ತರಬಹುದು, ಹಿಂದಿ ಕಲಿಯಬಹುದು. ಇದನ್ನು ಯಾವ ಪುಸ್ತಕ ನೋಡಿ ಕಲಿಯಲಿ?

ಮರುದಿನ ತಂಬಿಗೆಯನ್ನು ಹುಣಸೆಹಣ್ಣು ಹಚ್ಚಿ ಬೆಳಗಿ, ಚೀಲದಲ್ಲಿಟ್ಟುಕೊಂಡು ಮಸ್ಕಿಯ ಬಸ್ಸು ಹತ್ತಿದೆ. ಪಂಪ್‌ಸೆಟ್ ಅಂಗಡಿ ಎಂದು ಕೇಳಿದ್ದಕ್ಕೆ ಬಸ್‌ಸ್ಟ್ಯಾಂಡಿನಲ್ಲೇ ದಾರಿ ತೋರಿಸಿದರು. ಅಂಗಡಿಯ ಹಿಂದೆ ಮನೆ. ಸುಶೀಲಕ್ಕ ಪಡಸಾಲೆಯಲ್ಲಿ ಮೊಸರು ಕಡೆಯುತ್ತ ಕೂತಿದ್ದಳು. ಕನ್ನಡಕ ಬಂದಿತ್ತು, ಕೂದಲು ಅರ್ಧ ಬೆಳ್ಳಗಾಗಿತ್ತು, ಸೀರೆಯ ನೆರಿಗೆ ಮಾತ್ರ ಹಾಗೇ ಇತ್ತು.

"ಅರೇ, ಯೇ ಕಹಾಂ ಸೇ ಆಯೀ," ಎಂದಳು, ಇವಳೆಲ್ಲಿಂದ ಬಂದಳು ಅಂತ. ಆಮೇಲೆ, "ಬಾ ಬೇ ಶರಣಿ, ದಾರಿ ತಪ್ಪಿ ಬಂದಿಯೇನ? ಕುಂದ್ರು ಬಾ." ಈ ಸಲ ಎರಡೂ ಮಾತಿನಲ್ಲಿ ಅಷ್ಟೇನೂ ಫರಕು ಇರಲಿಲ್ಲ. ನನಗೆ ಜೀವ ಬಂದ ಹಾಗಾಯಿತು.

ತಂಬಿಗೆ ತೆಗೆದು ಮುಂದಿಟ್ಟೆ. ಆಕೆ ಅದನ್ನು ತಿರುಗಿಸಿ ನೋಡಿ ನಕ್ಕಳು. "ಇದನ್ನ ಕೊಡಾಕ ಇಷ್ಟ ವರ್ಷ ಬೇಕಾತೇನ? ಅಣ್ಣಾರು ಆರಾಮ ಅದಾರ? 'ಚಿಲಕ ಹಾಕ್ರಿ, ಚಿಲಕ ಹಾಕ್ರಿ' ಅಂತ ನೀ ಒದರೂದು ಗ್ವಾಡಿ ಈಕಡಿ ಕೇಳಸ್ತಿತ್ತು. ಹಾಕಿದ್ರೇನ?"

"ಇಲ್ಲಕ್ಕ. ಮನೀನ ಬದಲಿ ಮಾಡಿದ್ವಿ."

ಇಬ್ಬರೂ ನಕ್ಕೆವು. ಬಸವರಾಜಣ್ಣನಿಗೆ ಆರಾಮಿಲ್ಲ, ಸ್ವಲ್ಪ ದಿನದಲ್ಲಿ ಎಲ್ಲ ಬಿಟ್ಟು ಹೈದರಾಬಾದಿಗೆ ತಮ್ಮನ ಹತ್ತಿರ ಹೋಗುತ್ತೇವೆ ಎಂದಳು. ಹಾಗೆಯೇ ಹೋದರು, ಮತ್ತೆ ಈ ಕಡೆ ಬರಲಿಲ್ಲ. ನಾನು ಆಕೆಯನ್ನು ಕಂಡದ್ದು ಅದೇ ಕೊನೆ. ಅವತ್ತು ಅದು ಗೊತ್ತಿರಲಿಲ್ಲ. ಗೊತ್ತಿದ್ದದ್ದು ಇಷ್ಟೇ, ಹೇಳಬೇಕಾದ್ದನ್ನು ಹೇಳದೆ ಬಸ್ಸು ಹತ್ತಿದರೆ ಈ ಜನ್ಮದಲ್ಲಿ ಹೇಳುವುದಿಲ್ಲ ಎಂಬುದು.

"ಅಕ್ಕ," ಎಂದೆ, "ಆ ನಳದ ಕಟ್ಟ್ಯಾಗ ಒಂದ್ ಮಾತ ಎದ್ದಿತ್ತಲ್ಲ, ನಿನ್ನ ಹೆಸರಿಗೆ. ಮಾಳಿಗಿ ಅಂತ. ಅದನ್ನ ಮೊದಲ ಅಂದಾಕಿ ನಾನ."

ಕಡಗೋಲು ನಿಂತಿತು. ಆಕೆ ನನ್ನ ಕಡೆ ನೋಡಲಿಲ್ಲ. ಮೊಸರಿನ ಗಡಿಗೆಯೊಳಗೆ ನೋಡುತ್ತ, ಬಾಯೊಳಗೇ, ಒಂದು ಗುಟುಕಿನಷ್ಟು ಅಂದಳು:

"ಮಾಲೂಮ್ ಥಾ. ಭೋತ್ ರೋಯೀ ಮೈ. ಭೋತ್ ರೋಯೀ."

ಆಮೇಲೆ ಮುಖವೆತ್ತಿ, ಅರಳಿಸಿ, ಮನೆ ತುಂಬ ಕೇಳುವ ಹಾಗೆ ಹೇಳಿದಳು: "ಯಾವ ಮಾತು ಬೇ? ನನಗ ನೆನಪಽ ಇಲ್ಲ ನೋಡು. ಮಂದಿ ಮಾತು ಯಾರ ಮನಸ್ಸಿಗೆ ಹಚ್ಕೊಂತಾರ?"

ಗೊತ್ತಿತ್ತು, ಬಹಳ ಅತ್ತೆ ನಾನು. ಅಷ್ಟು ವರ್ಷ ಓದಿದ್ದಕ್ಕೆ ಆ ಮಾತು ನನಗೆ ಪೂರ್ತಿ ಅರ್ಥವಾಯಿತು. ನನಗೆ ಹಿಂದಿ ಬರುತ್ತದೆ ಎಂದು ಆಕೆಗೆ ಗೊತ್ತಿರಲಿಲ್ಲ. ನಾನು ಹೇಳಲೂ ಇಲ್ಲ. ಹೇಳಿದ್ದರೆ ಆಕೆಯ ಕನ್ನಡ ಸುಳ್ಳಾಗುತ್ತಿತ್ತು.

ಆಕೆ ಕಡೆದ ಮಜ್ಜಿಗೆಯನ್ನು ಅದೇ ತಂಬಿಗೆಗೆ ಬಗ್ಗಿಸಿ, ಜೀರಿಗೆ ಇಂಗು ಹಾಕಿ ನನ್ನ ಕೈಗೆ ಕೊಟ್ಟಳು.

"ಹೊಟ್ಟಿ ಉರಿ ಹ್ಯಾಂಗೈತಿ ಈಗ?"

"ಐತಿ ಅಕ್ಕ," ಎಂದೆ. ತಂಬಿಗೆ ಎತ್ತಿ ಪೂರ್ತಿ ಕುಡಿದೆ.